ಅರ್ಧ ಮಿಲಿಮೀಟರಿನ ಚುಕ್ಕೆ

ಕೋಲಾರ ಜಿಲ್ಲೆಯ ಹೋಳೂರಿನ ನಮ್ಮ ಹೊಲದಲ್ಲಿ ಸಜ್ಜೆ ತೆನೆ ಹಾಲುಗಟ್ಟುವ ಹೊತ್ತಿಗೆ ಮನೆಯ ಮಕ್ಕಳಿಗೆಲ್ಲ ಒಂದೇ ಕೆಲಸ, ಹಕ್ಕಿ ಕಾಯುವುದು. ನಾಲ್ಕು ಗಳು ನೆಟ್ಟು, ಮೇಲೆ ಅಟ್ಟಣೆ ಕಟ್ಟಿ, ಕೈಗೊಂದು ಕವಣೆ ಕೊಟ್ಟು ಹತ್ತಿಸಿಬಿಟ್ಟರೆ ಬಿಸಿಲು ಇಳಿಯುವವರೆಗೂ ಅಲ್ಲೇ. ಪಕ್ಕದಲ್ಲಿ ಬುಟ್ಟಿ ತುಂಬ ಕಲ್ಲು. ಗಿಣಿಯ ಹಿಂಡು ಬಂದು ಇಳಿಯಿತು ಅಂದರೆ ಕೂಗು ಹಾಕಿ ಕವಣೆ ಬೀಸಬೇಕು. ನಾವು ಬೀಸಿದ ಕಲ್ಲು ಸಾಮಾನ್ಯವಾಗಿ ಪಕ್ಕದವರ ಹೊಲಕ್ಕೆ ಹೋಗಿ ಬೀಳುತ್ತಿತ್ತು. ನಮ್ಮಜ್ಜಿ ಬೀಸಿದರೆ ಹಾಗಲ್ಲ. ಆಕೆ ಹಕ್ಕಿಗೆ ಹೊಡೆದದ್ದನ್ನು ನಾನು ಒಂದು ದಿನವೂ ನೋಡಲಿಲ್ಲ. ಹಕ್ಕಿ ಕೂತ ತೆನೆಯಿಂದ ಒಂದು ಗೇಣು ಆಚೆ ಕಲ್ಲು ಸುಯ್ಯೆಂದು ಹಾದುಹೋಗಬೇಕು, ಹಿಂಡು ಎದ್ದು ಹಾರಬೇಕು, ಹಕ್ಕಿಗೂ ನೋವಾಗಬಾರದು, ತೆನೆಯೂ ಮುರಿಯಬಾರದು. ಅಷ್ಟು ಲೆಕ್ಕ ಆ ಕೈಯಲ್ಲಿತ್ತು. "ತೋಳಿನ ಮ್ಯಾಲೆ ಮನಸಿಕ್ಬೇಡ ಮಗಾ, ದಾರ ಬಿಡೋ ಬೆರಳಿನ ಮ್ಯಾಲೆ ಇಕ್ಕು" ಅನ್ನುತ್ತಿದ್ದಳು. ನನಗೆ ಆಗ ಅದು ಅರ್ಥವಾಗಲಿಲ್ಲ. ಅಂಥ ಮಾತಿಗೆ ಅರ್ಥ ಬರಬೇಕಾದರೆ ಒಂದು ಆಯುಷ್ಯ ಕಾಯಬೇಕಾಗುತ್ತದೆ. ನನಗೆ ಅದು ಅರ್ಥವಾದದ್ದು ರೈಫಲ್ ಹಿಡಿದ ಹೆಣ್ಣುಮಗಳೊಬ್ಬಳ ಬದುಕನ್ನು ತಿಳಿದ ಮೇಲೆ.

ನಮ್ಮ ಕಡೆ 'ಶೂಟಿಂಗ್' ಅಂದರೆ ಜನಕ್ಕೆ ಮೊದಲು ನೆನಪಾಗುವುದು ಸಿನಿಮಾ. ನಂದಿಬೆಟ್ಟದಲ್ಲಿ ಶೂಟಿಂಗ್, ಅಂತರಗಂಗೆಯಲ್ಲಿ ಶೂಟಿಂಗ್, ಕೆಜಿಎಫ್‌ನ ಸೈನೈಡ್ ದಿಬ್ಬದ ಮೇಲೆ ಯಶ್ ಶೂಟಿಂಗ್. ಮೊನ್ನೆ ನಮ್ಮ ಓಣಿಯ ಹುಡುಗನೊಬ್ಬ ಎನ್‌ಸಿಸಿ ಕ್ಯಾಂಪಿಗೆ ಹೋಗಿ ಬಂದವನು, "ಮಾಮ, ಶೂಟಿಂಗ್‌ನಲ್ಲಿ ನಾನೇ ಫಸ್ಟು" ಅಂದ. ಅವನ ತಾಯಿ ಗಾಬರಿಯಾಗಿ, "ಯಾವ ಪಿಚ್ಚರ್ದಪ್ಪಾ?" ಅಂತ ಕೇಳಿದಳು. ಅವನು ಹೇಳಿದ್ದು ಗುಂಡು ಹೊಡೆಯುವ ವಿಷಯ. ಐದು ಗುಂಡು ಕೊಟ್ಟಿದ್ದರಂತೆ, ನಾಲ್ಕು ಹಲಗೆಗೆ ಬಿದ್ದವಂತೆ. ಅವನ ಕಣ್ಣಲ್ಲಿದ್ದ ಬೆಳಕು ನೋಡಿ ನನಗೆ ಒಂದು ಹೆಸರು ಹೇಳಬೇಕು ಅನ್ನಿಸಿತು. "ಸುಮಾ ಶಿರೂರ್ ಗೊತ್ತೇನೋ?" ಅಂದೆ. ಗೊತ್ತಿಲ್ಲ ಅಂದ. "ನಮ್ಮ ಜಿಲ್ಲೆಯಲ್ಲಿ ಹುಟ್ಟಿದವರು ಕಣೋ" ಅಂದೆ. ಅವನು ನಂಬಲಿಲ್ಲ. ಈ ಹರಟೆ ಅವನಿಗೆ ಅಂತಲೇ ಶುರುವಾದದ್ದು.

ಸುಮಾ ಶಿರೂರ್ ಹುಟ್ಟಿದ್ದು ಚಿಕ್ಕಬಳ್ಳಾಪುರದಲ್ಲಿ, 1974ರ ಮೇ 10ರಂದು. ಆಗ ಚಿಕ್ಕಬಳ್ಳಾಪುರ ಬೇರೆ ಜಿಲ್ಲೆ ಅಲ್ಲ, ಕೋಲಾರ ಜಿಲ್ಲೆಯ ಒಂದು ತಾಲ್ಲೂಕು. 2007ರಲ್ಲಿ ಅದು ಜಿಲ್ಲೆಯಾಗಿ ಬೇರೆ ಹೋಯಿತು. ಅಣ್ಣತಮ್ಮಂದಿರು ಪಾಲಾದ ಹಾಗೆ ಬೆಟ್ಟ, ಕೆರೆ, ತಾಲ್ಲೂಕು ಎಲ್ಲ ಹಂಚಿಹೋದವು. ಪಾಲಾದರೂ ನಮ್ಮ ಕಡೆಯ ಹಿರಿಯರು ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯನವರನ್ನು ಇವತ್ತಿಗೂ 'ನಮ್ಮ ಜಿಲ್ಲೆಯವರು' ಅಂತಲೇ ಹೇಳುತ್ತಾರೆ. ಮುಳುಬಾಗಿಲಿನ ಡಿವಿಜಿ, ಮಾಲೂರು ತಾಲ್ಲೂಕಿನ ಮಾಸ್ತಿ, ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯ: ಈ ಮೂರು ಹೆಸರು ಬರದ ಶಾಲಾ ವಾರ್ಷಿಕೋತ್ಸವದ ಭಾಷಣವನ್ನು ನಾನು ಕೇಳಿಲ್ಲ. ಅದು ಸರಿಯಾದದ್ದೇ. ಆದರೆ ಆ ಸಾಲಿನಲ್ಲಿ ನಾಲ್ಕನೆಯ ಹೆಸರಾಗಿ ಈ ಹೆಣ್ಣುಮಗಳು ಯಾಕೆ ಬರಲಿಲ್ಲ ಅನ್ನುವುದು ನನ್ನನ್ನು ಬಹಳ ದಿನದಿಂದ ಕಾಡುತ್ತಿದೆ. ಅವರು ಬೆಳೆದದ್ದು, ಬಂದೂಕು ಹಿಡಿದದ್ದು ಎಲ್ಲ ಮುಂಬಯಿ ಕಡೆ, ನಿಜ. ವಿಶ್ವೇಶ್ವರಯ್ಯನವರು ಮಾತ್ರ ಮುದ್ದೇನಹಳ್ಳಿಯಲ್ಲೇ ಕೂತಿದ್ದರೇ? ಅವರೂ ಪುಣೆಯಲ್ಲಿ ಓದಿದವರು, ಮುಂಬಯಿ ಸರ್ಕಾರದಲ್ಲಿ ಕೆಲಸ ಮಾಡಿದವರು.

ಹೆಸರಿನ ಬಗ್ಗೆ ಒಂದು ಮಾತು. ಕರಾವಳಿಯಲ್ಲಿ ಬೈಂದೂರು ದಾಟಿದರೆ ಶಿರೂರು ಅಂತ ಊರಿದೆ, ಬಯಲುಸೀಮೆಯಲ್ಲೂ ಆ ಹೆಸರಿನ ಊರುಗಳಿವೆ. ಸುಮಾ ಅವರಿಗೆ ಶಿರೂರ್ ಅನ್ನುವುದು ಗಂಡನ ಮನೆಯ ಹೆಸರು. ಹುಟ್ಟಿದ ಊರೂ ಕನ್ನಡದ್ದು, ಸೇರಿದ ಮನೆಯ ಹೆಸರೂ ಕನ್ನಡದ್ದು. ದೇಶ ಮಾತ್ರ ಅವರನ್ನು ಮಹಾರಾಷ್ಟ್ರದ ಶೂಟರ್ ಎಂದೇ ಬಲ್ಲದು. ಮಹಾರಾಷ್ಟ್ರ ಅವರನ್ನು ಬೆಳೆಸಿತು, ಆ ಹಕ್ಕು ಅದಕ್ಕಿದೆ. ನಾವು ಕೇಳಬೇಕಾದದ್ದು ತವರಿನ ಹಕ್ಕನ್ನು ಮಾತ್ರ.

1990ರ ದಶಕದ ಆರಂಭದಲ್ಲಿ ಅವರು ಈ ಆಟಕ್ಕೆ ಬಂದರು. ಕಲಿಸಿದವರು ಮುಂಬಯಿಯ ಸಂಜಯ್ ಚಕ್ರವರ್ತಿ. ಭಾರತದ ರೈಫಲ್ ಶೂಟಿಂಗ್ ಕಥೆಯಲ್ಲಿ ಆ ಮನುಷ್ಯನ ಹೆಸರಿಗೆ ದೊಡ್ಡ ಜಾಗವಿದೆ. ಅಂಜಲಿ ಭಾಗವತ್, ದೀಪಾಲಿ ದೇಶಪಾಂಡೆ, ಸುಮಾ ಶಿರೂರ್, ಗಗನ್ ನಾರಂಗ್ ಎಲ್ಲರೂ ಆ ಕೈಯಲ್ಲಿ ಪಳಗಿದವರೇ. ಕ್ರಿಕೆಟ್ ಒಂದೇ ಆಟ ಅಂತಿದ್ದ ಕಾಲದಲ್ಲಿ, ಹೆಣ್ಣುಮಕ್ಕಳ ಕೈಗೆ ರೈಫಲ್ ಕೊಟ್ಟು ಅವರನ್ನು ಜಗತ್ತಿನ ಮುಂದೆ ತಂದು ನಿಲ್ಲಿಸಿದ ಮೇಷ್ಟ್ರು ಅವರು.

ಈಗ ಆಟದ ವಿಷಯಕ್ಕೆ ಬರುತ್ತೇನೆ. ಇದನ್ನು ನಿಧಾನವಾಗಿ ಹೇಳಬೇಕು, ಇಲ್ಲದಿದ್ದರೆ ಸುಮಾ ಮಾಡಿದ್ದು ಏನು ಅನ್ನುವುದು ತಿಳಿಯುವುದಿಲ್ಲ.

ಹತ್ತು ಮೀಟರ್ ಏರ್ ರೈಫಲ್. ಇದರಲ್ಲಿ ಮದ್ದಿಲ್ಲ, ಬೆಂಕಿಯಿಲ್ಲ, ಒತ್ತಿ ಹಿಡಿದ ಗಾಳಿಯೇ ಗುಂಡನ್ನು ತಳ್ಳುವುದು. ಗುಂಡು 4.5 ಮಿಲಿಮೀಟರ್ ದಪ್ಪದ ಸೀಸದ ಚೂರು. ರೈಫಲ್ಲಿನ ತೂಕ ಐದೂವರೆ ಕಿಲೋ ಮೀರಬಾರದು. ನಿಂತುಕೊಂಡೇ ಹೊಡೆಯಬೇಕು, ಯಾವುದಕ್ಕೂ ಒರಗುವಂತಿಲ್ಲ. ಎದುರಿಗೆ ಗುರಿಹಲಗೆ. ಅದರ ನಡುವೆ 30.5 ಮಿಲಿಮೀಟರ್ ಅಗಲದ ಒಂದು ಕಪ್ಪು ಬೊಟ್ಟು, ಅಂದರೆ ಹೆಚ್ಚುಕಡಿಮೆ ನಮ್ಮ ಹಳೇ ಎಂಟಾಣೆ ನಾಣ್ಯಕ್ಕಿಂತ ಸ್ವಲ್ಪ ದೊಡ್ಡದು. ಆ ಕಪ್ಪಿನ ನಟ್ಟನಡುವೆ ಹತ್ತು ಅಂಕದ ಚುಕ್ಕೆ. ಅದರ ಅಗಲ ಅರ್ಧ ಮಿಲಿಮೀಟರ್. ಲೇಖನಿಯ ಮೊನೆ ಕಾಗದಕ್ಕೆ ತಾಕಿದರೆ ಬೀಳುವಷ್ಟು. ಹತ್ತು ಮೀಟರ್ ದೂರದಿಂದ ಆ ಚುಕ್ಕೆ ಕಾಣುವುದೇ ಇಲ್ಲ. ಯಾರ ಕಣ್ಣಿಗೂ ಕಾಣುವುದಿಲ್ಲ. ಕಾಣದ ಚುಕ್ಕೆಗೆ ಹೊಡೆಯುವುದೇ ಈ ಆಟ.

ಹೇಗೆ ಹೊಡೆಯುತ್ತಾರೆ? ಕಣ್ಣಿನ ಹತ್ತಿರ ಒಂದು ಸಣ್ಣ ತೂತು, ನಳಿಗೆಯ ತುದಿಯಲ್ಲಿ ಒಂದು ಬಳೆ. ತೂತಿನೊಳಗೆ ಬಳೆ, ಬಳೆಯೊಳಗೆ ಕಪ್ಪು ಬೊಟ್ಟು, ಎಲ್ಲ ಒಂದರೊಳಗೊಂದು ಸುತ್ತಲೂ ಸಮವಾಗಿ ಕೂರಬೇಕು. ಸುತ್ತಲಿನ ಬಿಳಿ ಎಲ್ಲ ಕಡೆಯೂ ಒಂದೇ ಅಳತೆ ಇದ್ದರೆ, ಕಾಣದ ಚುಕ್ಕೆ ತಾನಾಗಿಯೇ ನಡುವೆ ಇರುತ್ತದೆ. ಗುರಿಯನ್ನೇ ದಿಟ್ಟಿಸಿ ನೋಡಿದವನಿಗೆ ಗುರಿ ಸಿಗುವುದಿಲ್ಲ, ಕಣ್ಣು ತನ್ನ ಬಳೆಯ ಮೇಲಿರಬೇಕು. ಕಾಲಿನ ಅಂಗಾಲಿನಿಂದ ಭುಜದವರೆಗೆ ಮೈಯೆಲ್ಲ ಗೋಡೆಯ ಹಾಗೆ ನಿಲ್ಲಬೇಕು. ಅದಕ್ಕೇ ಕ್ಯಾನ್ವಾಸಿನ ಗಟ್ಟಿ ಜಾಕೆಟ್ಟು, ಗಟ್ಟಿ ಪ್ಯಾಂಟು. ಅಷ್ಟಾದರೂ ಮೈ ಅಲ್ಲಾಡುತ್ತದೆ, ಎದೆಯ ಬಡಿತ ಯಾರ ಮಾತನ್ನೂ ಕೇಳುವುದಿಲ್ಲ. ಉಸಿರು ತೆಗೆದು, ಅರ್ಧ ಬಿಟ್ಟು, ಅಲ್ಲೇ ನಿಲ್ಲಿಸಿ, ಆ ನಾಲ್ಕಾರು ಸೆಕೆಂಡಿನ ಮೌನದಲ್ಲಿ ಬೆರಳು ಒತ್ತಬೇಕು. ಒತ್ತಬೇಕು ಅನ್ನುವುದೂ ತಪ್ಪೇ. ಒತ್ತಿದ್ದು ಗೊತ್ತಾಗದಂತೆ ಬೆರಳು ಮಡಿಸಬೇಕು. ಅಜ್ಜಿ ಹೇಳಿದ್ದು ಇದನ್ನೇ. ತೋಳಿನ ಮೇಲೆ ಅಲ್ಲ, ಬಿಡುವ ಬೆರಳಿನ ಮೇಲೆ ಮನಸ್ಸು.

ಗುಂಡು ಹೊರಟ ಮೇಲೂ ಕೆಲಸ ಮುಗಿಯುವುದಿಲ್ಲ. ಇನ್ನೂ ಒಂದೆರಡು ಸೆಕೆಂಡು ಹಾಗೇ ನಿಂತಿರಬೇಕು. ಎಲ್ಲಿ ಬಿತ್ತು ಅಂತ ಇಣುಕುವ ಆಸೆ ಬಂದ ಕ್ಷಣವೇ ಮೈ ಕದಲುತ್ತದೆ. ಮತ್ತೊಂದು ವಿಷಯ ಕೇಳಿ ನನಗೆ ಬಹಳ ಆಶ್ಚರ್ಯವಾಯಿತು: ದೊಡ್ಡ ಶೂಟರ್‌ಗಳು ಅಭ್ಯಾಸದ ಎಷ್ಟೋ ಹೊತ್ತನ್ನು ಗುಂಡೇ ಹಾಕದೆ ಕಳೆಯುತ್ತಾರೆ. ಖಾಲಿ ರೈಫಲ್, ಖಾಲಿ ಗೋಡೆ. ನಿಲ್ಲುವುದು, ಎತ್ತುವುದು, ಉಸಿರು ಹಿಡಿಯುವುದು, ಬೆರಳು ಮಡಿಸುವುದು, ಇಳಿಸುವುದು. ಮತ್ತೆ ಎತ್ತುವುದು. ಸಂಗೀತದವರು ಬೆಳಗಿನ ಜಾವ ಬರೀ ಷಡ್ಜ ಹಿಡಿದು ಕೂರುವುದಿಲ್ಲವೇ, ಹಾಗೆ. ಸದ್ದಿಲ್ಲದ ಈ ಅಭ್ಯಾಸ ನೋಡುವವರಿಗೆ ಏನೂ ಅಲ್ಲ. ಮನೆಯವರು ನೋಡಿದರೆ ಇವಳಿಗೇನಾಯಿತು ಅಂದುಕೊಳ್ಳಬೇಕು.

ಇಷ್ಟು ತಿಳಿದ ಮೇಲೆ ಈಗ ಒಂದು ಅಂಕಿ ಹೇಳುತ್ತೇನೆ. ಆ ಕಾಲದಲ್ಲಿ ಹೆಂಗಸರ ವಿಭಾಗದಲ್ಲಿ ನಲವತ್ತು ಗುಂಡು, ಒಂದೂ ಕಾಲು ಗಂಟೆ ಸಮಯ. ಗುಂಡಿಗೆ ಹತ್ತು ಅಂಕ, ಒಟ್ಟು 400. 2004ರಲ್ಲಿ ಕ್ವಾಲಾಲಂಪುರದ ಏಷ್ಯನ್ ಚಾಂಪಿಯನ್‌ಶಿಪ್‌ನ ಅರ್ಹತಾ ಸುತ್ತಿನಲ್ಲಿ ಸುಮಾ ಶಿರೂರ್ ಹೊಡೆದದ್ದು 400. ನಲವತ್ತಕ್ಕೆ ನಲವತ್ತೂ ಆ ಅರ್ಧ ಮಿಲಿಮೀಟರಿನ ಚುಕ್ಕೆಯನ್ನು ಮುಟ್ಟಿದವು. ಅದು ವಿಶ್ವದಾಖಲೆಗೆ ಸಮ. ಸಮ ಎಂದೇ ಹೇಳಬೇಕು, ಯಾಕೆಂದರೆ ಅದಕ್ಕಿಂತ ಹೆಚ್ಚು ಹೊಡೆಯಲು ಅಂಕಿಯೇ ಇರಲಿಲ್ಲ. ಪರೀಕ್ಷೆಯಲ್ಲಿ ನೂರಕ್ಕೆ ನೂರು ತೆಗೆದ ಮಗುವಿಗೆ ನಾವು ಊರೆಲ್ಲ ಸಿಹಿ ಹಂಚುತ್ತೇವೆ. ಅರ್ಧ ಮಿಲಿಮೀಟರಿನಲ್ಲಿ ನಾನೂರಕ್ಕೆ ನಾನೂರು ತೆಗೆದವರಿಗೆ ತವರು ಜಿಲ್ಲೆಯಲ್ಲಿ ಸಿಹಿ ಹಂಚಿದ್ದು ನನಗಂತೂ ನೆನಪಿಲ್ಲ.

ಅದಕ್ಕೆ ಮುಂಚೆ 2002ರಲ್ಲಿ ಮ್ಯಾಂಚೆಸ್ಟರ್ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಅಂಜಲಿ ಭಾಗವತ್ ಜೊತೆ ಸೇರಿ ಜೋಡಿ ಸ್ಪರ್ಧೆಯಲ್ಲಿ ಚಿನ್ನ. ಅದೇ ವರ್ಷ ಬೂಸಾನ್ ಏಷ್ಯನ್ ಕ್ರೀಡಾಕೂಟದಲ್ಲಿ ಅಂಜಲಿ, ದೀಪಾಲಿ ಜೊತೆ ತಂಡದ ಬೆಳ್ಳಿ. 2003ರಲ್ಲಿ ಅರ್ಜುನ ಪ್ರಶಸ್ತಿ. ಆಮೇಲೆ 2004ರ ಅಥೆನ್ಸ್ ಒಲಿಂಪಿಕ್ಸ್.

ಅಥೆನ್ಸ್‌ನಲ್ಲಿ ಅವರು ಫೈನಲ್ ತಲುಪಿದರು. ಫೈನಲ್ಲಿಗೆ ಎಂಟು ಜನ. ಸುಮಾ ಎಂಟನೆಯವರಾದರು. ಚೀನಾದ ಡು ಲೀ ಚಿನ್ನ ಗೆದ್ದರು, ಆ ಒಲಿಂಪಿಕ್ಸ್‌ನ ಮೊದಲ ಚಿನ್ನವೇ ಅದು. ಮೂರರ ಒಳಗೆ ಬರದಿದ್ದರೆ ನಾವು 'ಪದಕ ಬರಲಿಲ್ಲ' ಅಂತ ಪೇಪರ್ ಮಡಿಸಿ ಇಡುತ್ತೇವೆ. ಜಗತ್ತಿನಲ್ಲಿ ಎಂಟನೆಯವರು ಅನ್ನುವುದನ್ನು ಒಂದು ಸಲ ಬಾಯಿಬಿಟ್ಟು ಹೇಳಿ ನೋಡಿ. ನಮ್ಮ ಹೋಬಳಿಯಲ್ಲಿ ಎಂಟನೆಯವರು ಅಂದರೂ ದೊಡ್ಡ ಮಾತು. ಆ ಎಂಟನೆಯ ಸ್ಥಾನದ ಬೆಲೆ ಏನು ಅನ್ನುವುದು ಗೊತ್ತಾಗಲು ದೇಶ ಇಪ್ಪತ್ತು ವರ್ಷ ಕಾಯಬೇಕಾಯಿತು. ಅಷ್ಟು ವರ್ಷ ಭಾರತದ ಯಾವ ಮಹಿಳಾ ಶೂಟರ್ ಕೂಡ ಒಲಿಂಪಿಕ್ಸ್‌ನ ವೈಯಕ್ತಿಕ ಸ್ಪರ್ಧೆಯ ಫೈನಲ್ ತಲುಪಲಿಲ್ಲ. ಅದರ ಕಥೆ ಮುಂದೆ ಬರುತ್ತದೆ.

ಅಥೆನ್ಸ್ ಆದ ಎರಡು ವರ್ಷಕ್ಕೆ, 2006ರಲ್ಲಿ, ಸುಮಾ ನವಿ ಮುಂಬಯಿ ಪಕ್ಕದ ಪನ್ವೇಲ್‌ನಲ್ಲಿ ಒಂದು ಶೂಟಿಂಗ್ ಕ್ಲಬ್ ಕಟ್ಟಿದರು. ಹೆಸರು 'ಲಕ್ಷ್ಯ'. ಸಂಸ್ಕೃತದಲ್ಲಿ ಲಕ್ಷ್ಯ ಅಂದರೆ ಗುರಿ. ಕನ್ನಡದಲ್ಲಿ ಲಕ್ಷ್ಯ ಕೊಡು ಅಂದರೆ ಗಮನ ಕೊಡು ಅಂತಲೂ ಹೌದು. ನಮ್ಮ ಮಾತಿನಲ್ಲಿ ಎರಡೂ ಒಂದೇ ಪದದೊಳಗೆ ಕೂತಿವೆ. ಶಾಲೆಯ ಕಾಂಪೌಂಡಿನ ಮೇಲೆ 'ಮುಂದೆ ಗುರಿ ಇರಬೇಕು, ಹಿಂದೆ ಗುರು ಇರಬೇಕು' ಅಂತ ಬರೆಸಿರುತ್ತಾರಲ್ಲ, ಈ ಆಟದಲ್ಲಿ ಅದು ಅಕ್ಷರಕ್ಕೆ ಅಕ್ಷರ ನಿಜ. ಶೂಟರ್ ಲೈನಿನ ಮೇಲೆ ನಿಂತಿರುವಾಗ ಕೋಚ್ ಹಿಂದೆ ಕೂತಿರಬೇಕು. ಕೂಗಿ ಏನನ್ನೂ ಹೇಳಿಕೊಡುವಂತಿಲ್ಲ. ಕಬಡ್ಡಿಯ ಕೋಚ್ ಗಂಟಲು ಹರಿದುಕೊಳ್ಳಬಹುದು, ಫುಟ್‌ಬಾಲ್ ಕೋಚ್ ಗೆರೆಯುದ್ದಕ್ಕೂ ಓಡಾಡಬಹುದು. ಇಲ್ಲಿ ಹೇಳಬೇಕಾದದ್ದನ್ನೆಲ್ಲ ಮೊದಲೇ ಹೇಳಿ ಮುಗಿಸಿರಬೇಕು. ಆಮೇಲೆ ನೋಡುತ್ತ ಕೂರಬೇಕು.

ಅವರು ರೈಫಲ್ ಕೆಳಗಿಟ್ಟು ಕೋಚ್ ಆದವರಲ್ಲ. ಕ್ಲಬ್ ಕಟ್ಟಿದ ಮೇಲೂ ಸ್ಪರ್ಧೆಯಲ್ಲಿದ್ದರು, 2010ರ ದೆಹಲಿ ಕಾಮನ್‌ವೆಲ್ತ್‌ನಲ್ಲಿ ಕವಿತಾ ಯಾದವ್ ಜೊತೆ ಜೋಡಿಯಲ್ಲಿ ಕಂಚು ಗೆದ್ದರು. ಒಂದು ಕೈಯಲ್ಲಿ ತನ್ನ ಗುರಿ, ಇನ್ನೊಂದು ಕೈಯಲ್ಲಿ ಬೇರೆಯವರ ಗುರಿ. ಚೆನ್ನಾಗಿ ಆಡುವವರೆಲ್ಲ ಚೆನ್ನಾಗಿ ಕಲಿಸುತ್ತಾರೆ ಅನ್ನುವುದನ್ನು ನಾನು ನಂಬುವುದಿಲ್ಲ. ತನಗೆ ಸಲೀಸಾಗಿ ಬಂದದ್ದು ಇನ್ನೊಬ್ಬರಿಗೆ ಯಾಕೆ ಬರುತ್ತಿಲ್ಲ ಅನ್ನುವುದು ಎಷ್ಟೋ ದೊಡ್ಡ ವಿದ್ವಾಂಸರಿಗೆ ಕೊನೆಯವರೆಗೂ ತಿಳಿಯುವುದಿಲ್ಲ. ಕಲಿಸುವುದು ಬೇರೆಯದೇ ವಿದ್ಯೆ.

ನಮ್ಮ ಕಡೆಯ ರೇಷ್ಮೆಯವರಿಗೆ ಇದನ್ನು ಹೇಳುವುದು ಸುಲಭ. ಚಾಕಿ ಸಾಕಣೆ ಅಂತ ಇದೆ. ಮೊಟ್ಟೆಯೊಡೆದ ಹುಳು ಕಣ್ಣಿಗೆ ಕಾಣದಷ್ಟು ಸಣ್ಣದು. ಅದಕ್ಕೆ ಎಳೇ ಸೊಪ್ಪನ್ನು ಸಣ್ಣಗೆ ಹೆಚ್ಚಿ ಹಾಕಬೇಕು, ಶಾಖ, ತೇವ ಎಲ್ಲ ಹದವಾಗಿರಬೇಕು. ಹುಳು ಎರಡನೆಯ ಸಲ ಪೊರೆ ಕಳಚಿ ಜ್ವರ ಏಳುವವರೆಗೆ ಚಾಕಿ ಕೇಂದ್ರದವರು ಸಾಕಿ, ಆಮೇಲೆ ರೈತನ ಮನೆಗೆ ಕೊಡುತ್ತಾರೆ. ಗೂಡು ಕಟ್ಟುವುದು ರೈತನ ಚಂದ್ರಂಕಿಯಲ್ಲಿ. ಮಾರ್ಕೆಟ್ಟಿನಲ್ಲಿ ಹೊಳೆಯುವ ಗೂಡು ಸುರಿದಾಗ ಹರಾಜು ಕೂಗುವುದು ರೈತನ ಹೆಸರಿನಲ್ಲಿ. ಚಾಕಿ ಸಾಕಿದವರ ಹೆಸರು ಅಲ್ಲಿ ಬರುವುದಿಲ್ಲ. ಆದರೆ ಗೂಡು ಹಿಡಿದು ನೋಡಿದ ಅನುಭವಸ್ಥರು, "ಚಾಕಿ ಚೆನ್ನಾಗಿ ಆಗಿದೆ ಕಣಣ್ಣಾ" ಅನ್ನುತ್ತಾರೆ. ಕ್ರೀಡಾಕೂಟದಲ್ಲಿ ಪದಕ ಬಂದಾಗ ನನ್ನ ಬಾಯಿಗೆ ಬರುವುದು ಆ ಮಾತೇ.

ಜೈಪುರದ ಅವನಿ ಲೇಖರಾ ಚಿಕ್ಕ ಹುಡುಗಿಯಾಗಿದ್ದಾಗ, 2012ರಲ್ಲಿ, ಕಾರು ಅಪಘಾತದಲ್ಲಿ ಬೆನ್ನುಮೂಳೆಗೆ ಪೆಟ್ಟು ಬಿದ್ದು ನಡಿಗೆ ನಿಂತಿತು. ಮನೆಯ ಒಳಗೇ ಮುದುಡಿದ್ದ ಮಗಳನ್ನು ತಂದೆ 2015ರಲ್ಲಿ ಶೂಟಿಂಗ್ ರೇಂಜಿಗೆ ಕರೆದುಕೊಂಡು ಹೋದರು. ಅಭಿನವ್ ಬಿಂದ್ರಾ ಅವರ ಆತ್ಮಕಥೆ ಓದಿದ ಮೇಲೆ ಹುಡುಗಿಗೆ ಆಸೆ ಬೇರುಬಿಟ್ಟಿತು. ಆಮೇಲೆ ಆಕೆ ಸುಮಾ ಶಿರೂರ್ ಕೈಗೆ ಬಂದಳು.

ಗಾಲಿಕುರ್ಚಿಯಲ್ಲಿ ಕೂತು ರೈಫಲ್ ಹಿಡಿಯುವುದು ನಿಂತು ಹಿಡಿಯುವುದಕ್ಕಿಂತ ಸುಲಭ ಅಂತ ಯಾರಾದರೂ ಅಂದುಕೊಂಡಿದ್ದರೆ ಅದನ್ನು ಬಿಟ್ಟುಬಿಡಬೇಕು. ನಿಂತವರ ಭಾರವನ್ನು ಕಾಲು, ಸೊಂಟ ಹೊರುತ್ತವೆ. ಸೊಂಟದ ಕೆಳಗೆ ಸ್ಪರ್ಶವೇ ಇಲ್ಲದವರಿಗೆ ಸಮತೋಲನ ಬರುವುದು ಎಲ್ಲಿಂದ? ಮೈಯ ಮೇಲರ್ಧವೇ ಅಡಿಪಾಯ ಆಗಬೇಕು, ಗೋಡೆಯೂ ಆಗಬೇಕು. ಕಾಲಿನಿಂದ ಶುರುವಾಗುವ ಪಾಠವನ್ನು ಜೀವನವಿಡೀ ಕಲಿತ, ಕಲಿಸಿದ ಕೋಚ್, ಈ ಹುಡುಗಿಗಾಗಿ ಆ ಪಾಠವನ್ನು ಮೊದಲಿನಿಂದ ಬರೆಯಬೇಕು. ಕೊರೊನಾ ಬಂದು ರೇಂಜುಗಳೆಲ್ಲ ಬೀಗ ಹಾಕಿದಾಗ ಅವನಿಯ ಪಾಲಿಗೆ ಮನೆಯೇ ರೇಂಜಾಯಿತು.

2021ರ ಏಪ್ರಿಲ್‌ನಲ್ಲಿ ಸಂಜಯ್ ಚಕ್ರವರ್ತಿ ಕೋವಿಡ್‌ನಿಂದ ತೀರಿಕೊಂಡರು. ಆಗಸ್ಟ್ 30ರಂದು ಟೋಕಿಯೊ ಪ್ಯಾರಾಲಿಂಪಿಕ್ಸ್‌ನಲ್ಲಿ ಅವನಿ ಚಿನ್ನ ಗೆದ್ದಳು. ಫೈನಲ್ಲಿನ ಅಂಕ 249.6. ಈಗಿನ ಪದ್ಧತಿಯಲ್ಲಿ ಗುಂಡಿಗೆ 10.9ರವರೆಗೆ ಅಂಕವಿದೆ. ಇಪ್ಪತ್ತನಾಲ್ಕು ಗುಂಡಿಗೆ ಭಾಗಿಸಿ ನೋಡಿ, ಒಂದೊಂದಕ್ಕೂ 10.4 ಬರುತ್ತದೆ. ಪ್ಯಾರಾಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಭಾರತದ ಮೊದಲ ಹೆಣ್ಣುಮಗಳು, ವಯಸ್ಸು ಹತ್ತೊಂಬತ್ತು. ನಾಲ್ಕು ದಿನ ಬಿಟ್ಟು ಐವತ್ತು ಮೀಟರ್ ಸ್ಪರ್ಧೆಯಲ್ಲಿ ಕಂಚು. ಗುರುವಿನ ಗುರು ಇದನ್ನು ನೋಡಲು ಇರಲಿಲ್ಲ. ಐದು ತಿಂಗಳು ಇದ್ದಿದ್ದರೆ ನೋಡುತ್ತಿದ್ದರಲ್ಲ ಅನ್ನುವ ಸಂಕಟ ನನಗೇ ಇಷ್ಟಿದ್ದರೆ ಸುಮಾ ಅವರಿಗೆ ಎಷ್ಟಿರಬೇಕು.

ಅವನಿ ಎಂಬ ಹೆಸರು ಟಿವಿಯಲ್ಲಿ ಕೇಳಿದ ಕೂಡಲೇ ನನ್ನ ಮನಸ್ಸು ಹೋದದ್ದು ಮುಳುಬಾಗಿಲು ತಾಲ್ಲೂಕಿನ ಆವಣಿಗೆ. ನಮ್ಮ ಕಡೆಯವರ ಮನಸ್ಸು ಬೇರೆಲ್ಲಿಗೂ ಹೋಗುವುದಿಲ್ಲ. ಆವಣಿ ಬೆಟ್ಟದ ಕೆಳಗೆ ನೊಳಂಬರ ಕಾಲದ ದೇವಸ್ಥಾನಗಳ ಗುಂಪಿದೆ, ರಾಮ, ಲಕ್ಷ್ಮಣ, ಭರತ, ಶತ್ರುಘ್ನ ನಾಲ್ವರ ಹೆಸರಿನಲ್ಲೂ ಈಶ್ವರ ಗುಡಿಗಳು. ಬೆಟ್ಟದ ಮೇಲೆ ಸೀತಮ್ಮನ ಗುಡಿ. ಶಿವರಾತ್ರಿ ಹೊತ್ತಿಗೆ ದನಗಳ ಜಾತ್ರೆ. ಚಿಕ್ಕವನಿದ್ದಾಗ ಅಪ್ಪನ ಜೊತೆ ಎತ್ತು ನೋಡಲು ಹೋದಾಗ ಬಲೂನಿಗೆ ಗುಂಡು ಹೊಡೆಯುವ ಅಂಗಡಿ ನೋಡಿದ್ದು ಅಲ್ಲೇ. ನಾನು ಮೊದಲು ಕೈಯಲ್ಲಿ ಹಿಡಿದ ಗಾಳಿ ಬಂದೂಕು ಆ ಜಾತ್ರೆಯದು.

ರಾಮ ಕಾಡಿಗೆ ಬಿಟ್ಟ ತುಂಬು ಬಸುರಿ ಸೀತೆ ಬಂದು ಸೇರಿದ ವಾಲ್ಮೀಕಿ ಆಶ್ರಮ ಈ ಆವಣಿಯಲ್ಲೇ ಇತ್ತು ಅನ್ನುವುದು ನಮ್ಮ ಜನರ ನಂಬಿಕೆ. ಲವಕುಶರು ಹುಟ್ಟಿದ್ದು ಇಲ್ಲೇ, ಬಿಲ್ಲು ಕಲಿತದ್ದು ಇಲ್ಲೇ. ಸೀತೆ ಭೂಮಿಯ ಮಗಳು, ಅವನಿಜೆ. ಅವನಿ ಅಂದರೆ ಭೂಮಿ. ರಾಜಸ್ಥಾನದ ತಂದೆತಾಯಿ ಮಗಳಿಗೆ ಹೆಸರಿಡುವಾಗ ಕೋಲಾರದ ಒಂದು ಬೆಟ್ಟ ಅವರ ನೆನಪಿನಲ್ಲಿ ಇದ್ದಿರಲಾರದು. ಆದರೆ ಹುಟ್ಟಿನಿಂದ ಕೋಲಾರ ಜಿಲ್ಲೆಯವರಾದ ಗುರು, ಅವನಿ ಎಂಬ ಹೆಸರಿನ ಶಿಷ್ಯೆ, ನಡುವೆ ಒಂದು ಗುರಿ: ಈ ಮೂರೂ ಸೇರಿದ್ದು ನನಗೆ ಬಹಳ ಹಿತವಾಯಿತು.

ಸುಮಾ ಅವರಿಗೆ 2003ರಲ್ಲಿ ಅರ್ಜುನ ಪ್ರಶಸ್ತಿ ಬಂತು ಅಂದೆನಲ್ಲ, 2022ರಲ್ಲಿ ಪ್ಯಾರಾ ಶೂಟಿಂಗ್ ಕೋಚ್ ಆಗಿ ದ್ರೋಣಾಚಾರ್ಯ ಪ್ರಶಸ್ತಿಯೂ ಬಂತು. ಶಿಷ್ಯನ ಹೆಸರಿನದು ಒಂದು, ಗುರುವಿನ ಹೆಸರಿನದು ಇನ್ನೊಂದು, ನಡುವೆ ಹತ್ತೊಂಬತ್ತು ವರ್ಷ. ಪ್ರಶಸ್ತಿಗಳು ದೊಡ್ಡವು, ಪಡೆದವರೂ ದೊಡ್ಡವರು. ಆದರೂ ದ್ರೋಣರ ಕಥೆ ನನಗೆ ಯಾವತ್ತೂ ಪೂರ್ತಿ ಒಗ್ಗಿಲ್ಲ. ರಾಜಕುಮಾರರಿಗೆ ಕಲಿಸಿದ ಗುರು, ಬೇಡರ ಹುಡುಗನ ಹೆಬ್ಬೆರಳು ಕೇಳಿದ ಗುರು. ಬಿಲ್ಲು ಹಿಡಿಯುವವನ ಹೆಬ್ಬೆರಳು! ಅದೇ ಆವಣಿಯ ವಾಲ್ಮೀಕಿಯನ್ನು ನೋಡಿ. ಮನೆಯಿಂದ ಹೊರಗಾದವಳಿಗೆ ಜಾಗ ಕೊಟ್ಟರು, ಅಪ್ಪ ಯಾರೆಂದು ತಿಳಿಯದ ಮಕ್ಕಳಿಗೆ ಅಕ್ಷರ ಕಲಿಸಿದರು, ಹಾಡು ಕಲಿಸಿದರು, ಬಿಲ್ಲು ಕಲಿಸಿದರು. ಗುರುದಕ್ಷಿಣೆಯ ಮಾತೇ ಆ ಕಥೆಯಲ್ಲಿ ಬರುವುದಿಲ್ಲ. ಅಪಘಾತ ಆದಮೇಲೆ ಆಟ ಮುಗಿಯಿತು ಅಂದುಕೊಂಡ ಹುಡುಗಿಗೆ ರೈಫಲ್ ಕಲಿಸಿದ ಸುಮಾ ಶಿರೂರ್ ನನ್ನ ಮನಸ್ಸಿನಲ್ಲಿ ಆವಣಿಯ ಆಶ್ರಮದ ಕಡೆಯವರು. ಪ್ರಶಸ್ತಿಯ ಹೆಸರು ಏನೇ ಇರಲಿ.

2024ರ ಪ್ಯಾರಿಸ್‌ಗೆ ಬರೋಣ. ಆ ವರ್ಷ ಅವನಿಯ ಪಿತ್ತಕೋಶದ ಆಪರೇಷನ್ ಆಗಿತ್ತು. ಆದರೂ ಆಗಸ್ಟ್ 30ರಂದು, ಟೋಕಿಯೊದಲ್ಲಿ ಗೆದ್ದ ಅದೇ ತಾರೀಖಿನಂದು, ಮತ್ತೆ ಚಿನ್ನ. ಅಂಕ 249.7, ಮೂರು ವರ್ಷದ ಹಿಂದಿನದಕ್ಕಿಂತ ಒಂದು ದಶಾಂಶ ಹೆಚ್ಚು. ಎರಡು ಪ್ಯಾರಾಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಭಾರತದ ಮಹಿಳೆ ಆಗ ಬೇರೊಬ್ಬರಿರಲಿಲ್ಲ.

ಅದಕ್ಕೆ ಒಂದು ತಿಂಗಳ ಮುಂಚೆ ಅದೇ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಸುಮಾ ಭಾರತದ ರೈಫಲ್ ತಂಡದ ಕೋಚ್. ಜುಲೈ 27ರಂದು ಮನು ಭಾಕರ್ ಪಿಸ್ತೂಲಿನಲ್ಲಿ ಫೈನಲ್ ತಲುಪಿದಾಗ ಪತ್ರಿಕೆಗಳೆಲ್ಲ ಹುಡುಕಿ ತೆಗೆದದ್ದು ಅಥೆನ್ಸ್‌ನ ಆ ಎಂಟನೆಯ ಸ್ಥಾನವನ್ನು: ಸುಮಾ ಶಿರೂರ್ ಆದಮೇಲೆ ಇಪ್ಪತ್ತು ವರ್ಷಕ್ಕೆ ಒಬ್ಬ ಭಾರತೀಯ ಮಹಿಳಾ ಶೂಟರ್ ವೈಯಕ್ತಿಕ ಫೈನಲ್ಲಿಗೆ ಬಂದಿದ್ದಾಳೆ ಅಂತ. ಮಾರನೆಯ ದಿನ ಹರಿಯಾಣದ ರಮಿತಾ ಜಿಂದಾಲ್ ಏರ್ ರೈಫಲ್ ಫೈನಲ್ ತಲುಪಿದಳು. ಸುಮಾ ಅವರ ಸ್ಪರ್ಧೆ, ಸುಮಾ ಅವರೇ ಕೋಚ್ ಆಗಿದ್ದ ತಂಡದ ಹುಡುಗಿ. ತನ್ನ ಹೆಸರಿನಲ್ಲಿ ಇಪ್ಪತ್ತು ವರ್ಷ ಉಳಿದಿದ್ದ ಒಂದು ದಾಖಲೆ ಕೈಬಿಟ್ಟು ಹೋಗಲಿ ಎಂದು ದುಡಿದವರು ಅವರು. ಅದರ ಮರುದಿನ ನಡೆದ ಫೈನಲ್ಲಿನಲ್ಲಿ ರಮಿತಾ ಏಳನೆಯವಳಾದಳು. ಗುರುವಿಗಿಂತ ಒಂದು ಸ್ಥಾನ ಮುಂದೆ. ಅದೇ ದಿನ ಗಂಡಸರ ರೈಫಲ್ಲಿನಲ್ಲಿ ಅರ್ಜುನ್ ಬಬುತಾ ನಾಲ್ಕನೆಯವನಾದ. ಒಲಿಂಪಿಕ್ಸ್‌ನಲ್ಲಿ ನಾಲ್ಕನೆಯ ಸ್ಥಾನದಷ್ಟು ನೋವಿನ ಜಾಗ ಇನ್ನೊಂದಿಲ್ಲ. ಕೋಚ್ ಆದವರು ಒಂದೇ ದಿನ ಎರಡು ಫೈನಲ್ಲಿನ ಹಿಂದೆ ಕೂತು, ಸದ್ದಿಲ್ಲದೆ ಇದನ್ನೆಲ್ಲ ನೋಡಬೇಕು. ಅವರ ಜೊತೆ ಬೂಸಾನ್‌ನಲ್ಲಿ ಬೆಳ್ಳಿ ಗೆದ್ದಿದ್ದ ದೀಪಾಲಿ ದೇಶಪಾಂಡೆ ಕಲಿಸಿದ ಸ್ವಪ್ನಿಲ್ ಕುಸಾಳೆ ಕೆಲವೇ ದಿನದಲ್ಲಿ ಐವತ್ತು ಮೀಟರ್ ರೈಫಲ್ಲಿನಲ್ಲಿ ಕಂಚು ತಂದ. ಚಕ್ರವರ್ತಿಯವರ ಚಾಕಿ ಚೆನ್ನಾಗಿ ಆಗಿತ್ತು.

ಕರ್ನಾಟಕದಲ್ಲಿ ಈ ಆಟ ಇಲ್ಲ ಅಂತಲ್ಲ. ಬೆಂಗಳೂರಿನ ಪ್ರಕಾಶ್ ನಂಜಪ್ಪ ಇದ್ದಾರೆ. ತಂದೆ ಪಾಪಣ್ಣ ಶೂಟರ್, ಮಗ ಕೆನಡಾದಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿದ್ದು ವಾಪಸು ಬಂದು ಪಿಸ್ತೂಲು ಹಿಡಿದವರು. 2013ರಲ್ಲಿ ಮುಖದ ಅರ್ಧಭಾಗಕ್ಕೆ ಪಾರ್ಶ್ವವಾಯು ಹೊಡೆಯಿತು. ಗುರಿಕಾರನಿಗೆ ಮುಖದ ಸ್ನಾಯು ಕೈಕೊಟ್ಟರೆ ಏನು ಉಳಿಯಿತು? ಮರುವರ್ಷವೇ ಗ್ಲ್ಯಾಸ್ಗೋ ಕಾಮನ್‌ವೆಲ್ತ್‌ನಲ್ಲಿ ಬೆಳ್ಳಿ ಗೆದ್ದರು, 2016ರಲ್ಲಿ ರಿಯೊ ಒಲಿಂಪಿಕ್ಸ್‌ಗೆ ಹೋದರು. ಬೆಂಗಳೂರಿನ ರೈಫಲ್ ಶೂಟರ್ ರಾಕೇಶ್ ಮನ್‌ಪತ್ ಕೂಡ ಕೋಚ್ ಆದವರು, ಅವನಿ ಲೇಖರಾ ಅವರಿಗೂ ಕೆಲಕಾಲ ಕಲಿಸಿದವರು. ಹುಬ್ಬಳ್ಳಿಯ ಶ್ರೀಹರ್ಷ ದೇವರೆಡ್ಡಿ ತೋಳಿನಲ್ಲಿ ರೈಫಲ್ಲಿನ ಭಾರ ಹೊರಲಾಗದೆ ಸ್ಪ್ರಿಂಗಿನ ಸ್ಟ್ಯಾಂಡಿನ ಮೇಲೆ ಇಟ್ಟು ಹೊಡೆಯುವ ವಿಭಾಗದವರು. 2022ರಲ್ಲಿ ಫ್ರಾನ್ಸಿನ ಪ್ಯಾರಾ ವಿಶ್ವಕಪ್‌ನಲ್ಲಿ ಚಿನ್ನ ಗೆದ್ದರು. ಇವರೆಲ್ಲ ಬೆಂಗಳೂರು, ಹುಬ್ಬಳ್ಳಿಯವರು. ಮುಳುಬಾಗಿಲು, ಶ್ರೀನಿವಾಸಪುರ, ಮಾಲೂರಿನ ಮಗುವಿಗೆ ಈ ದಾರಿ ತೋರಿಸುವವರು ಯಾರು?

ಓಣಿಯ ಹುಡುಗನಿಗೆ ಇಷ್ಟನ್ನೂ ಹೇಳಿದೆ. ಪೂರ್ತಿ ಕೇಳಿದ ಮೇಲೆ ಅವನು ಕೇಳಿದ್ದು ಒಂದೇ ಪ್ರಶ್ನೆ. "ಹತ್ತು ಮೀಟ್ರು ಅಂದ್ರೆ ಎಷ್ಟು ಮಾಮ?" ಇಬ್ಬರೂ ಎದ್ದು ಹೋಗಿ ನಮ್ಮೂರಿನ ಶಾಲೆಯ ಜಗಲಿಯನ್ನು ಹೆಜ್ಜೆ ಹಾಕಿ ಅಳೆದೆವು. ಹದಿಮೂರು ಹೆಜ್ಜೆ. ಜಗಲಿ ಅದಕ್ಕಿಂತ ಉದ್ದ ಇತ್ತು.

ಅದಕ್ಕೇ ಕೋಲಾರ, ಚಿಕ್ಕಬಳ್ಳಾಪುರ ಎರಡೂ ಜಿಲ್ಲೆಯ ಹೈಸ್ಕೂಲು ಮೇಷ್ಟ್ರುಗಳಲ್ಲಿ ನನ್ನದೊಂದು ಕೋರಿಕೆ. ನಿಮ್ಮ ಜಗಲಿಯಲ್ಲೂ ಹತ್ತು ಮೀಟರ್ ಅಳೆಯಿರಿ. ಆ ತುದಿಯ ಗೋಡೆಗೆ ಒಂದು ಬಿಳಿ ಹಾಳೆ ಅಂಟಿಸಿ, ಪೆನ್ಸಿಲ್ ಮೊನೆಯಿಂದ ಅರ್ಧ ಮಿಲಿಮೀಟರಿನ ಒಂದು ಚುಕ್ಕೆ ಇಡಿ. ಮಕ್ಕಳನ್ನು ಈ ತುದಿಯಲ್ಲಿ ಸಾಲಾಗಿ ನಿಲ್ಲಿಸಿ, ಚುಕ್ಕೆ ಕಾಣುತ್ತದೆಯೇ ಕೇಳಿ. ಕಾಣುವುದಿಲ್ಲ ಅನ್ನುತ್ತಾರೆ. ಆಗ ಅವರಿಗೆ ಹೇಳಿ, ಚಿಕ್ಕಬಳ್ಳಾಪುರದಲ್ಲಿ ಹುಟ್ಟಿದ ಸುಮಾ ಶಿರೂರ್ ಅದನ್ನು ನಲವತ್ತು ಸಲ ಹೊಡೆದರು, ನಲವತ್ತು ಸಲವೂ ತಪ್ಪಲಿಲ್ಲ.